ಉದ್ದಕ್ಕೆ ತಿರುಗಿಸಿದ ಹಿಡಿ

ನೀರು ಇವತ್ತೂ ಸತ್ತ ಹಾಗೆ ಬಿದ್ದಿತ್ತು. ಅವನು ಈಜುಕೊಳದ ಅಂಚಿನಲ್ಲಿ ಮಂಡಿಯೂರಿ, ತೋಳನ್ನು ಮೊಣಕೈವರೆಗೆ ಮುಳುಗಿಸಿ, ಗೋಡೆಯ ತೂತಿಗೆ ಅಂಗೈ ಒಡ್ಡಿದ. ಪಂಪ್ ರೂಮಿನಲ್ಲಿ ಸೋಸಿಕೊಂಡು ಬಂದ ನೀರು ಆ ತೂತಿನಿಂದ ನುಗ್ಗಿ ಕೈಯನ್ನು ಪಕ್ಕಕ್ಕೆ ತಳ್ಳಬೇಕು. ಬೇಸಿಗೆಯ ಶುರುವಿನಲ್ಲಿ ತಳ್ಳುತ್ತಿತ್ತು ಕೂಡ. ಈಗ ಇದೆಯೋ ಇಲ್ಲವೋ ಅನ್ನುವ ಹಾಗೆ ಬೆರಳುಗಳನ್ನು ಸವರಿ ಸುಮ್ಮನಾಗುತ್ತಿತ್ತು. ಆ ಕಡೆಯ ಮೂಲೆಯಲ್ಲಿ ನಾಲ್ಕಾರು ಎಲೆಗಳು ನಿಂತಲ್ಲೇ ನಿಂತಿದ್ದವು. ಕೊಳ ಅಕ್ಕಿ ತೊಳೆದ ನೀರಿನಂತೆ ಮಸುಕಾಗಿ, ತಳದ ನಡುವೆ ಇರುವ ಬಿಳಿಯ ಜಾಲರಿ ಎಷ್ಟು ಬಗ್ಗಿ ನೋಡಿದರೂ ಕಾಣುತ್ತಿರಲಿಲ್ಲ. ಬೆನ್ನ ಹಿಂದೆ ಬೆತ್ತದ ಕುರ್ಚಿ ಕಿರುಗುಟ್ಟಿತು. "ಏನು ಅಳಿಯಂದಿರೇ, ಬಂತಾ ಫೋರ್ಸು?" ಎಂದು ಮಾವ ಕೇಳಿದರು. ಬಂದಿದ್ದರೆ ನಾನು ಹೀಗೆ ನಾಯಿಯ ಹಾಗೆ ನಾಲ್ಕು ಕಾಲಲ್ಲಿ ಯಾಕೆ ನಿಂತಿರುತ್ತಿದ್ದೆ ಎಂದು ಬಾಯಿಗೆ ಬಂದದ್ದನ್ನು ಉಗುಳಿನ ಜೊತೆ ನುಂಗಿ, "ನೋಡ್ತಾ ಇದೀನಿ" ಅಂದ. ದಿನಾ ಬೆಳಿಗ್ಗೆ ಇದೇ ಪ್ರಶ್ನೆ, ಇದೇ ಉತ್ತರ.

ಇವತ್ತು ರಜೆಯ ದಿನ. ಮಧ್ಯಾಹ್ನದ ಹೊತ್ತಿಗೆ ನಾದಿನಿ, ಅವಳ ಗಂಡ, ಮಕ್ಕಳು ಬರುವವರಿದ್ದರು. ಷಡ್ಡಕ ಬರುತ್ತಾನೆ ಅಂದರೆ ಈ ಮನೆಯಲ್ಲಿ ಕರ್ಟನ್ನು ಕೂಡ ಒಗೆಸಿಕೊಂಡು ಬಂದು ನೇತಾಡುತ್ತದೆ. ಎಲ್ಲೋ ದೂರದಲ್ಲಿ ಸ್ವಂತ ಮನೆ ಮಾಡಿಕೊಂಡಿರುವ ಅಳಿಯ ಅವನು; ಬಂದು ಹೋಗುವ ಅಳಿಯ. ತಾನು ಬಂದವನಲ್ಲ, ಇರುವವನು. ಮನೆ ಅಳಿಯ ಎಂಬ ಮಾತನ್ನು ಈ ಮನೆಯಲ್ಲಿ ಯಾರೂ ಒಮ್ಮೆಯೂ ಆಡಿದ್ದಿಲ್ಲ, ಅದನ್ನು ಆಡದೆ ಇರುವುದಕ್ಕೆ ಎಲ್ಲರೂ ವಹಿಸುವ ಎಚ್ಚರಿಕೆಯೇ ಅವನನ್ನು ಮೂರು ಹೊತ್ತೂ ಚುಚ್ಚುತ್ತಿತ್ತು. ತನ್ನ ಕನ್ನಡಕದ ಅಂಗಡಿ ಮುಚ್ಚಿದ ವರ್ಷ, "ಸ್ವಲ್ಪ ದಿನ ಅಪ್ಪನ ಮನೇಲಿರೋಣ ರೀ, ಅಷ್ಟು ದೊಡ್ಡ ಮನೆ ಖಾಲಿ ಹೊಡೀತಿದೆ" ಎಂದು ಹೆಂಡತಿ ಅಂದಾಗ ಹೂಂ ಅಂದಿದ್ದ. ಆ ಸ್ವಲ್ಪ ದಿನ ಇನ್ನೂ ಮುಗಿದಿರಲಿಲ್ಲ. ಬೇರೆಯವರ ಅಂಗಡಿಯಲ್ಲಿ ಕತ್ತಲೆ ಕೋಣೆಯೊಳಗೆ ಜನರನ್ನು ಕೂರಿಸಿ, ಗಾಜು ಬದಲಿಸುತ್ತ, ಇದರಲ್ಲಿ ಚೆನ್ನಾಗಿ ಕಾಣುತ್ತಾ ಅದರಲ್ಲಿ ಚೆನ್ನಾಗಿ ಕಾಣುತ್ತಾ ಎಂದು ಸಂಜೆಯವರೆಗೆ ಕೇಳಿ, ಮನೆಗೆ ಬಂದರೆ ಕೊಳ. ಆ ಕೊಳವನ್ನು ಅವನಿಗೆ ವಹಿಸಿದ್ದು ಕೂಡ ಒಂದು ಊಟದ ಹೊತ್ತಿನಲ್ಲಿ, ಷಡ್ಡಕನ ಎದುರಿನಲ್ಲೇ. "ಇನ್ನು ಇದನ್ನ ಇವರೇ ನೋಡ್ಕೊಳ್ಳಲಿ. ಅವರಿಗೂ ಒಂದು ಕೆಲಸ ಅಂತ ಇರಲಿ" ಎಂದಿದ್ದರು ಮಾವ, ತಟ್ಟೆಯಿಂದ ತಲೆ ಎತ್ತದೆ. ಷಡ್ಡಕ ನಕ್ಕಿದ್ದನೋ ಕೆಮ್ಮಿದ್ದನೋ ಈಗ ನೆನಪಿಲ್ಲ. ಹೆಂಡತಿ ಮಾತ್ರ ನೀರಿನ ಲೋಟವನ್ನು ಅವನ ಹತ್ತಿರಕ್ಕೆ ಸರಿಸಿದ್ದಳು, ಪೆಟ್ಟಾದ ಮಗುವಿಗೆ ಕೊಡುವ ಹಾಗೆ.

"ಬೀಗದಕೈ ಕೊಡಿ" ಅಂದ, ಕೊಳದ ಅಂಚಿನಿಂದ ಎದ್ದು. ಮಾವ ಜೇಬಿಗೆ ಕೈ ಹಾಕಿ, ನಿಧಾನವಾಗಿ ಗೊಂಚಲು ತೆಗೆದು, ಅದರಲ್ಲಿ ಪಂಪ್ ರೂಮಿನದನ್ನೇ ಹುಡುಕಿ ಮುಂದೆ ಹಿಡಿದರು. ಕೊಳ ಇವನ ಕೆಲಸ, ಆದರೆ ಬೀಗದಕೈ ಅವರ ಜೇಬಿನಲ್ಲಿ. ದಿನಾ ಕೈ ಚಾಚಬೇಕು, ಬೀಗ ತೆಗೆದ ಕೂಡಲೇ ಗೊಂಚಲನ್ನು ವಾಪಸು ಕೊಡಬೇಕು. ಕೆಲಸ ಮುಗಿದ ಮೇಲೆ ಅವರೇ ಒಳಗೆ ಹೋಗಿ ಒಂದು ಸುತ್ತು ನೋಡಿ ಬೀಗ ಹಾಕುತ್ತಿದ್ದರು. ಐಸ್ ಫ್ಯಾಕ್ಟರಿ ನಡೆಸಿದ ಮನುಷ್ಯ. ಅಲ್ಲಿಯೂ ಹಾಗೇ ಅಂತೆ, ಕೆಲಸದವರು ಮುಟ್ಟಿದ್ದನ್ನೆಲ್ಲ ತಾವು ಇನ್ನೊಮ್ಮೆ ಮುಟ್ಟದೆ ಮನೆಗೆ ಹೋಗುತ್ತಿರಲಿಲ್ಲವಂತೆ. ಯಾರನ್ನೂ ನಂಬದೆ ಇರುವುದನ್ನು ಅವರು ಒಂದು ಸದ್ಗುಣದ ಹಾಗೆ ಹೇಳಿಕೊಳ್ಳುತ್ತಿದ್ದರು. ತಾನು ಮೇಜಿನ ಮೇಲಿಟ್ಟ ಪೇಪರನ್ನು ಅವರು ಮತ್ತೆ ಮಡಿಸಿಟ್ಟರೆ, ತಾನು ಹಾಕಿದ ಚಿಲಕವನ್ನು ಅವರು ಮತ್ತೆ ಎಳೆದು ನೋಡಿದರೆ, ಅವನಿಗೆ ತನ್ನ ಕೈಗಳನ್ನೇ ಯಾರೋ ಸೋಪು ಹಾಕಿ ತೊಳೆಯುತ್ತಿದ್ದಾರೆ ಅನ್ನಿಸುತ್ತಿತ್ತು.

ಪಂಪ್ ರೂಮು ಅಂದರೆ ತಗ್ಗಿನ ಒಂದು ಗೂಡು. ತಲೆ ಬಗ್ಗಿಸಿ ನುಗ್ಗಬೇಕು. ಒಳಗೆ ಕ್ಲೋರಿನ್ನಿನ ಘಾಟು, ಒದ್ದೆ ಸಿಮೆಂಟಿನ ವಾಸನೆ. ಅವನು ಈ ತಿಂಗಳಲ್ಲಿ ಮಾಡಬೇಕಾದ್ದನ್ನೆಲ್ಲ ಮಾಡಿದ್ದ. ನೀರಿನ ಮೇಲ್ಮೈ ಕಸ ಹಿಡಿಯುವ ಬುಟ್ಟಿ ತೆಗೆದು ಬಡಿದಿದ್ದ. ಪಂಪಿನ ಮುಂದಿನ ಬುಟ್ಟಿಯಿಂದ ಕೂದಲು, ಎಲೆ, ಮಕ್ಕಳ ಹೇರ್‌ಬ್ಯಾಂಡು ಎಲ್ಲ ಕಿತ್ತಿದ್ದ. ಮುಚ್ಚಳದ ರಬ್ಬರು ಗಾಳಿ ಎಳೆಯುತ್ತಿರಬೇಕು ಅಂತ ಹೊಸದು ತಂದು ಗ್ರೀಸು ಸವರಿ ಕೂರಿಸಿದ್ದ. ಮರಳಿನ ಫಿಲ್ಟರಿಗೆ ನೀರನ್ನು ಹಿಂದುಮುಂದಾಗಿ ಬಿಟ್ಟು, ಹೊರಗೆ ಬರುವ ನೀರು ತಿಳಿಯಾಗುವವರೆಗೆ ತೊಳೆದಿದ್ದ. ಆದರೂ ಒತ್ತಡ ತೋರಿಸುವ ಗೇಜಿನ ಮುಳ್ಳು ಮೇಲೇಳುತ್ತಿರಲಿಲ್ಲ. ಮುಳ್ಳು ಮೇಲಿದ್ದರೆ ಫಿಲ್ಟರು ಕಟ್ಟಿದೆ ಎಂದರ್ಥ, ಕೆಳಗಿದ್ದರೆ ಪಂಪಿಗೇ ನೀರು ಸಾಲುತ್ತಿಲ್ಲ. ಎಲ್ಲಿ ಸಾಲುತ್ತಿಲ್ಲ? ಪಂಪಿಗೆ ಎರಡು ಕಡೆಯಿಂದ ನೀರು ಬರುತ್ತದೆ, ಮೇಲಿನ ಬುಟ್ಟಿಯಿಂದ ಒಂದು ಪೈಪು, ತಳದ ಜಾಲರಿಯಿಂದ ಇನ್ನೊಂದು. ತಳದ ಪೈಪಿನ ವಾಲ್ವು ಫಿಲ್ಟರಿನ ಹಿಂದೆ, ಗೋಡೆಗೆ ಅಂಟಿಕೊಂಡ ಹಾಗೆ ಇತ್ತು. ಟಾರ್ಚು ಬಿಟ್ಟು ಅದನ್ನೂ ನೋಡಿದ್ದ. ಹಿಡಿ ಪೈಪಿನ ಉದ್ದಕ್ಕೆ ನೆಟ್ಟಗೆ ನಿಂತಿತ್ತು. ಉದ್ದಕ್ಕಿದ್ದರೆ ತೆರೆದಿದೆ, ಅಡ್ಡಕ್ಕಿದ್ದರೆ ಮುಚ್ಚಿದೆ. ಮಗುವಿಗೂ ಗೊತ್ತಿರುವ ವಿಷಯ. ಹಾಗಾದರೆ ತೊಂದರೆ ಎಲ್ಲಿದೆ, ಎಲ್ಲಿದೆ ಎಂದು ಅವನು ಪಂಪಿನ ಬೆನ್ನಿಗೆ ಅಂಗೈಯಿಂದ ಬಡಿದ. ಪಂಪು ಅದರ ಪಾಡಿಗೆ ಗೊರಗುಟ್ಟುತ್ತಿತ್ತು. ಒಂದು ಯಂತ್ರ ಕೂಡ ತನ್ನ ಮಾತು ಕೇಳುವುದಿಲ್ಲ.

ಹೊರಗೆ ಕಾರಿನ ಬಾಗಿಲುಗಳು ಒಂದರ ಮೇಲೊಂದು ಮುಚ್ಚಿದವು. ಅವನು ತಲೆ ಹೊರಗೆ ಹಾಕುವಷ್ಟರಲ್ಲಿ ಷಡ್ಡಕ ಮಾವನ ಎರಡೂ ಕೈ ಹಿಡಿದು, "ಹೇಗಿದೀರಾ ಮಾವ? ಊಟ ಸೇರ್ತಾ ಇದೆಯಾ? ಇಷ್ಟು ಬಿಸಿಲಲ್ಲಿ ಯಾಕೆ ಕೂತಿದೀರಾ?" ಎಂದು ಬೆಣ್ಣೆಯಂಥ ದನಿಯಲ್ಲಿ ವಿಚಾರಿಸುತ್ತಿದ್ದ. ಮಾವನ ಮುಖ ಅರಳಿತ್ತು. ಹೀಗೆ ಕೇಳಲು ಏನು ಖರ್ಚು? ವರ್ಷಕ್ಕೆ ಎರಡು ಸಲ ಕೇಳುವುದಾದರೆ ತಾನೂ ಕೇಳಬಲ್ಲೆ ಎಂದುಕೊಂಡು ಅವನು ಗ್ರೀಸಿನ ಕೈಯನ್ನು ಪ್ಯಾಂಟಿಗೇ ಒರೆಸಿಕೊಂಡ. ಮಕ್ಕಳು ಆಗಲೇ ಈಜುವ ಬಟ್ಟೆ ತೊಟ್ಟು ಕೊಳದ ಕಡೆ ಓಡಿ ಬಂದಿದ್ದವು. ನಾದಿನಿ ಅಂಚಿನಲ್ಲಿ ನಿಂತು ಬಗ್ಗಿ ನೋಡಿ, ಇಬ್ಬರ ತೋಳನ್ನೂ ಹಿಂದಕ್ಕೆ ಎಳೆದಳು. "ಬೇಡ, ಬೇಡ. ತಳ ಕಾಣದೆ ಇರೋ ನೀರಿಗೆ ಯಾರೂ ಇಳಿಯೋ ಹಾಗಿಲ್ಲ. ಯಾರಾದ್ರೂ ಮುಳುಗಿದ್ರೂ ಗೊತ್ತಾಗಲ್ಲ." ಆಮೇಲೆ ಅವನ ಕಡೆ ತಿರುಗಿ, "ಏನು ಭಾವ, ಹೀಗಾಗಿದೆ?" ಅಂದಳು. ಅವಳು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಚಿಕ್ಕ ಹುಡುಗಿ, "ದೊಡ್ಡಪ್ಪ, ನೀನು ಇನ್ನೂ ಕ್ಲೀನ್ ಮಾಡಿಲ್ವಾ?" ಎಂದು ಕೇಳಿದಳು. ದೊಡ್ಡಪ್ಪ ಅಂದರೆ ಕೊಳ ಕ್ಲೀನ್ ಮಾಡುವವನು. ಅವಳಿಗೆ ಬುದ್ಧಿ ಬಂದಾಗಿನಿಂದ ಅವಳು ನೋಡಿದ್ದು ಅದನ್ನೇ.

"ಅಣ್ಣಾ, ಒಬ್ಬ ಮೆಕ್ಯಾನಿಕ್‌ನ ಕರೆಸಿಬಿಡೋಣ. ಸುಮ್ಮನೆ ನೀವ್ಯಾಕೆ ಒದ್ದಾಡ್ತೀರಾ?" ಎಂದು ಷಡ್ಡಕ ಹೆಗಲ ಮೇಲೆ ಕೈ ಇಟ್ಟ. ಅವನು ಹೆಗಲನ್ನು ಕೊಡವಿದ. ಹೆಂಡತಿ ಅಡಿಗೆಮನೆಯ ಬಾಗಿಲಲ್ಲಿ ಸೌಟು ಹಿಡಿದು ನಿಂತಿದ್ದಳು. ಈಗ ಬೇಡ ರೀ ಎಂದು ಕಣ್ಣಲ್ಲೇ ಬೇಡುತ್ತಿದ್ದಳು. ಆ ಬೇಡಿಕೆಯೇ ಅವನಿಗೆ ಇನ್ನಷ್ಟು ಸಿಟ್ಟು ತರಿಸಿತು. ಮದುವೆಯಾದಾಗಿನಿಂದ ಇವಳ ಕಣ್ಣು ಹೇಳಿದ್ದು ಎರಡೇ ಮಾತು, ಈಗ ಬೇಡ, ಆಮೇಲೆ ಮಾತಾಡೋಣ. ಆಮೇಲೆ ಅನ್ನುವುದು ಈ ಮನೆಯಲ್ಲಿ ಬಂದದ್ದೇ ಇಲ್ಲ. ಆಗ ಮಾವ ಕುರ್ಚಿಯಿಂದಲೇ ಅಂದರು, ಎಲ್ಲರಿಗೂ ಕೇಳುವಂತೆ, ಆದರೆ ಸಹಜವಾಗಿ, "ಪಂಪಿನ ಕಡೆ ನೋಡಿ ಅಳಿಯಂದಿರೇ. ತಳದ ವಾಲ್ವನ್ನ ನಾನಾಗಲೇ ಸರಿ ಮಾಡಿದೀನಿ. ಅದನ್ನ ಮುಟ್ಟೋದು ಬೇಡ."

ಒಂದು ಗಳಿಗೆ ಅವನಿಗೆ ಮಾತು ಅರ್ಥವಾಗಲಿಲ್ಲ. ಸರಿ ಮಾಡಿದೀನಿ. ಯಾವಾಗ? ತನ್ನ ಹಿಂದಿನಿಂದ, ಬೀಗ ಹಾಕಲು ಹೋದಾಗ, ದಿನಾ ಅದರ ಮೇಲೆ ಕೈ ಇಡುತ್ತಿದ್ದರೇ? ಈ ತಿಂಗಳಿಡೀ ತಾನು ಗೂಡಿನೊಳಗೆ ಬೆವರು ಸುರಿಸಿದ್ದು, ಬೆರಳು ಸುಲಿದುಕೊಂಡದ್ದು, ರಾತ್ರಿ ನಿದ್ದೆಯಲ್ಲೂ ಆ ಗೇಜಿನ ಮುಳ್ಳನ್ನೇ ಕಂಡದ್ದು, ಎಲ್ಲ ಇದಕ್ಕೇ? ಅವನು ತಿರುಗಿ ಗೂಡಿನೊಳಗೆ ನುಗ್ಗಿದ. ಹಣೆ ಚೌಕಟ್ಟಿಗೆ ಬಡಿಯಿತು, ಅದು ಕೂಡ ಮಾವನದೇ ಕಿತಾಪತಿ ಅನ್ನಿಸಿತು. ಟಾರ್ಚು ಹುಡುಕುವ ತಾಳ್ಮೆ ಇರಲಿಲ್ಲ. ಫಿಲ್ಟರನ್ನು ತಬ್ಬಿದ ಹಾಗೆ ಕೈಯನ್ನು ಹಿಂದಕ್ಕೆ ತೂರಿಸಿ, ವಾಲ್ವಿನ ಹಿಡಿಯನ್ನು ತಡಕಿ ಹಿಡಿದು, ಅವರು ಹೇಗೆ ಇಟ್ಟಿದ್ದಾರೋ ಅದಕ್ಕೆ ವಿರುದ್ಧವಾಗಿ ಇರಲಿ ಎಂಬ ಒಂದೇ ಹಟದಲ್ಲಿ ಸೆಳೆದ. ಪಂಪಿನ ಗೊರಗೊರ ನಿಂತು ಗಟ್ಟಿ ಹೂಂಕಾರ ಎದ್ದಿತು. ಪೈಪು ನಡುಗಿತು. ಗೇಜಿನ ಮುಳ್ಳು ಸರ್ರನೆ ಮೇಲೇರಿತು. ಹೊರಗೆ ಮಕ್ಕಳು ಒಟ್ಟಿಗೆ ಕೂಗಿದವು, "ಬಂತು, ಬಂತು, ಅಲ್ಲಿ ನೋಡು ಎಲೆ ಹೋಗ್ತಿದೆ!"

ಹೊರಗೆ ಬಂದಾಗ ಅವನ ಹಣೆಯಲ್ಲಿ ರಕ್ತದ ಗೆರೆ ಇತ್ತು. ಅದು ಅವನಿಗೆ ಗೊತ್ತಿರಲಿಲ್ಲ. "ನೋಡಿದ್ರಾ?" ಅಂದ. ದನಿ ತನ್ನದೇ ಅನ್ನಿಸಲಿಲ್ಲ. "ಎಲ್ಲರೂ ನೋಡಿದ್ರಾ? ವಾಲ್ವ್ ಮುಚ್ಚಿದ್ದು ಇವರು. ನಾನು ಇಡೀ ತಿಂಗಳು ಪಂಪು ಬಿಚ್ಚಿದೆ, ಫಿಲ್ಟರ್ ತೊಳೆದೆ. ಇವರು ದಿನಾ ಕುರ್ಚೀಲಿ ಕೂತು ಫೋರ್ಸ್ ಬಂತಾ ಅಂತ ಕೇಳೋದು, ಹಿಂದೆಯೇ ಹೋಗಿ ಮುಚ್ಚೋದು! ನಾನೇನು ನಿಮ್ಮ ಮನೆ ಆಳೇನ್ರೀ? ಆಳಿಗಾದ್ರೂ ಹೇಳಿ ಮಾಡ್ತಾರೆ!" ಹೇಳಬೇಕೆಂದು ವರ್ಷಗಳಿಂದ ಕೂಡಿಟ್ಟದ್ದು ಇಷ್ಟೇನಾ, ಇಷ್ಟು ಬೇಗ ಮುಗಿದುಹೋಯಿತೇ ಎಂದು ಅವನಿಗೆ ಒಳಗೇ ನಿರಾಸೆಯಾಯಿತು. ಮಾವ ಕುರ್ಚಿಯ ಕೈಗಳನ್ನು ಊರಿ ಮೆಲ್ಲನೆ ಎದ್ದು ನಿಂತರು. ಅವರಿಗೆ ಸಿಟ್ಟು ಬಂದಿರಲಿಲ್ಲ, ಗಾಬರಿಯಾಗಿತ್ತು. "ಇಲ್ಲ, ನಾನು ಮುಚ್ಚಲಿಲ್ಲ. ಹೋದ ತಿಂಗಳು ನೋಡಿದಾಗ ಅದು ಅಡ್ಡ ಇತ್ತು. ನಾನು ಉದ್ದಕ್ಕೆ ತಿರುಗಿಸಿದೆ. ತೆರೆದೆ ನಾನು. ಇವರು ಮರೆತು ಮುಚ್ಚಿಬಿಟ್ಟಿದಾರೆ ಅನ್ಕೊಂಡೆ. ಹೇಳಿದ್ರೆ ಇವರಿಗೆ ಬೇಜಾರಾಗತ್ತೆ, ಮೊದಲೇ ಮನಸ್ಸಿಗೆ ಹಚ್ಕೊಳ್ಳೋರು, ಅಂತ ಯಾರಿಗೂ ಹೇಳದೆ ಸುಮ್ಮನೆ ತಿರುಗಿಸಿ ಬಂದೆ."

"ಉದ್ದಕ್ಕೆ ತಿರುಗಿಸಿದ್ರೆ ನೀರು ಯಾಕೆ ನಿಲ್ಲತ್ತೆ ಮಾವ? ಈಗ ನಾನು ತಿರುಗಿಸಿದ ಮೇಲೆ ಯಾಕೆ ಬಂತು?" ಎಂದು ಅವನು ಕೇಳಿದ. ಮಾವ ಕೊಳದ ಕಡೆ ತಿರುಗಿದರು. ಕೊಳದಲ್ಲಿ ನೀರು ಸುಳಿದು ಸುಳಿದು ಹರಿಯುತ್ತಿರುವುದು ಅವರ ಕಣ್ಣಿಗೂ ಕಾಣುತ್ತಿತ್ತು. ನಾದಿನಿ ಅಕ್ಕನ ಮುಖ ನೋಡಿದಳು, ಅಕ್ಕ ಸೌಟಿನ ಮುಖ ನೋಡಿದಳು. "ಅಪ್ಪಾ," ಎಂದು ನಾದಿನಿ ಹತ್ತಿರ ಹೋಗಿ ಅವರ ಬೆನ್ನಿನ ಮೇಲೆ ಕೈ ಇಟ್ಟಳು, "ಹೋದ ಸಲ ನಾನು ಫೋನ್ ಮಾಡಿದಾಗ್ಲೂ ಒಂದೇ ಮಾತನ್ನ ಎರಡು ಸಲ ಹೇಳಿದೆ ನೀನು. ನೆನಪಿದೆಯಾ?" ಮಾವ ಇಲ್ಲವೆಂದು ತಲೆಯಾಡಿಸಿದರು. ಆಡಿಸಿದ ಮೇಲೆ, ಹಾಗೆ ಆಡಿಸಬಾರದಿತ್ತು ಎಂದು ಗೊತ್ತಾದವರ ಹಾಗೆ ನಿಲ್ಲಿಸಿದರು. ಷಡ್ಡಕ ಅದೇ ಬೆಣ್ಣೆಯ ದನಿಯಲ್ಲಿ, "ಏನಿಲ್ಲ ಮಾವ, ವಯಸ್ಸಾದ ಮೇಲೆ ಎಲ್ಲರಿಗೂ ಆಗೋದೇ. ಒಬ್ಬ ಒಳ್ಳೆ ಡಾಕ್ಟರಿಗೆ ತೋರಿಸೋಣ. ಇನ್ಮೇಲೆ ನೀವು ಆ ಗೂಡಿನೊಳಗೆ ಹೋಗೋದು ಬೇಡ. ಅಲ್ಲಿ ಕರೆಂಟಿದೆ, ನೀರಿದೆ, ಕೆಮಿಕಲ್ ಇದೆ" ಎಂದ. ಮಾವನ ಜೇಬಿನಿಂದ ಗೊಂಚಲು ತೆಗೆದು, ಪಂಪ್ ರೂಮಿನ ಬೀಗದಕೈಯನ್ನು ಬಿಡಿಸಿ, ಗಂಡನ ಕೈಗೆ ಕೊಟ್ಟವಳು ಹೆಂಡತಿ. ಕೊಡುವಾಗ ಅವಳ ಕಣ್ಣಲ್ಲಿ ನೀರಿತ್ತು. "ಸಾರಿ ರೀ" ಅಂದಳು. ಇಷ್ಟು ವರ್ಷ ಅವನು ಕೇಳಬೇಕೆಂದಿದ್ದ ಮಾತು ಅದು.

ಎಲ್ಲರೂ ಊಟಕ್ಕೆ ಕೂತರು. ಮಾವನ ತಟ್ಟೆಗೆ ಮಾತ್ರ ಒಬ್ಬೊಬ್ಬರೂ ಸರದಿಯ ಮೇಲೆ ಬಡಿಸಿದರು. ಅವನು ಗೆದ್ದಿದ್ದ. ಗೆದ್ದವನಿಗೆ ಹಸಿವಾಗಬೇಕಿತ್ತು, ಅವನು ಅನ್ನವನ್ನು ತಟ್ಟೆಯ ಅಂಚಿಗೆ ಸರಿಸಿದ. ಹೋಗಿ ಪಂಪ್ ನೋಡಿ ಬರುತ್ತೇನೆ ಎಂದು ಎದ್ದ. ತನ್ನದೇ ಬೀಗದಕೈಯಿಂದ ಬೀಗ ತೆಗೆಯುವುದರಲ್ಲಿ ಒಂದು ಸುಖ ಇರುತ್ತದೆ ಎಂದುಕೊಂಡಿದ್ದ. ಟಾರ್ಚು ಹೊತ್ತಿಸಿ ಫಿಲ್ಟರಿನ ಹಿಂದೆ ಬೆಳಕು ಬಿಟ್ಟ. ಹಿಡಿ ಅಡ್ಡಕ್ಕೆ ನಿಂತಿತ್ತು. ನೀರು ಭರ್ರನೆ ಹರಿಯುತ್ತಿತ್ತು, ಹಿಡಿ ಅಡ್ಡಕ್ಕೆ ನಿಂತಿತ್ತು. ಅವನು ಟಾರ್ಚನ್ನು ಇನ್ನೂ ಹತ್ತಿರ ತಂದ. ಆ ಹಿಡಿ ನೀಲಿ. ಉಳಿದ ವಾಲ್ವುಗಳ ಹಿಡಿ ಕೆಂಪು. ಚಳಿಗಾಲದಲ್ಲಿ ವಾಲ್ವು ಬಿಗಿಯಾಗಿದೆ ಎಂದು ಸಿಟ್ಟಿನಲ್ಲಿ ಸ್ಪ್ಯಾನರಿನಿಂದ ಹೊಡೆದಾಗ ಮೊದಲಿನ ಹಿಡಿ ಮುರಿದಿತ್ತು. ಗುಜರಿ ಡಬ್ಬದಲ್ಲಿ ಸಿಕ್ಕ ಹಳೆಯದೊಂದನ್ನು ತಂದು ಸ್ಕ್ರೂ ಹಾಕಿ ಬಿಗಿದಿದ್ದ. ಅದರ ತೂತು ಚೌಕ, ಹೇಗಿಟ್ಟರೂ ಕೂರುತ್ತದೆ. ಬಿಗಿದ ಮೇಲೆ, ನೀರು ಬರುತ್ತಿದ್ದರೂ ಹಿಡಿ ಅಡ್ಡ ನಿಂತದ್ದನ್ನು ಕಂಡು, ನಾಳೆ ಬಿಚ್ಚಿ ನೆಟ್ಟಗೆ ಹಾಕೋಣ ಅಂದುಕೊಂಡಿದ್ದ, ಆಮೇಲೆ ಮರೆತೇಬಿಟ್ಟಿದ್ದ. ಯಾರಿಗೂ ಹೇಳಿರಲಿಲ್ಲ. ಹೇಳಿದರೆ ಮಾವ, ಒಂದು ಹಿಡಿ ಹಾಕೋಕೂ ಬರಲ್ವಾ ಅಳಿಯಂದಿರೇ ಎನ್ನುತ್ತಿದ್ದರು. ಎನ್ನುತ್ತಿದ್ದರೇ? ಎನ್ನದೆಯೂ ಇರಬಹುದಿತ್ತು. ಮರೆತಿದ್ದಾರೆ, ಬೇಜಾರು ಮಾಡ್ಕೊಳ್ತಾರೆ ಎಂದು ಸುಮ್ಮನೆ ತಿರುಗಿಸಿ ಬಂದ ಮನುಷ್ಯ, ಅದನ್ನು ಕೂಡ ಸುಮ್ಮನೆ ನೆಟ್ಟಗೆ ಮಾಡಿ ಬಂದುಬಿಡುತ್ತಿದ್ದರೋ ಏನೋ.

ನಾಚಬೇಕಾದವನು ತಾನು ಅಂತ ಗೊತ್ತಿತ್ತು, ಆದರೆ ಅವನಿಗೆ ಬಂದದ್ದು ಮತ್ತೆ ಸಿಟ್ಟೇ. ಆ ಮುದುಕ ಯಾಕೆ ಜಗಳ ಆಡಲಿಲ್ಲ? ಬಾ ಇಲ್ಲಿ, ತೋರಿಸು ಎಂದು ಕುತ್ತಿಗೆಪಟ್ಟಿ ಹಿಡಿದು ಇಲ್ಲಿಗೆ ಎಳೆದು ತರಬಾರದಿತ್ತೇ? ಬಗ್ಗಿ ನೋಡಿದ್ದರೆ ಒಂದೇ ಗಳಿಗೆಯಲ್ಲಿ ಎಲ್ಲ ಗೊತ್ತಾಗುತ್ತಿತ್ತು. ಲೋಕದಲ್ಲಿ ಎಲ್ಲರನ್ನೂ ಅನುಮಾನಿಸಿ ಬದುಕಿದ ಮನುಷ್ಯ, ಹೋಗಿ ಹೋಗಿ ಈ ಒಂದು ಸಲ ತನ್ನನ್ನೇ ಯಾಕೆ ಅನುಮಾನಿಸಬೇಕು? ಹೋಗಿ ಹೇಳಬೇಕು. ಒಂದೇ ವಾಕ್ಯ, ಹಿಡಿ ನಾನು ತಪ್ಪಾಗಿ ಹಾಕಿದ್ದೆ. ಹೇಳಿದರೆ ಷಡ್ಡಕ ನಗುತ್ತಾನೋ ಕೆಮ್ಮುತ್ತಾನೋ, ಹೆಂಡತಿ ಲೋಟವನ್ನು ಹತ್ತಿರ ಸರಿಸುತ್ತಾಳೆ, ಬೀಗದಕೈ ಗೊಂಚಲಿಗೆ ವಾಪಸು ಹೋಗುತ್ತದೆ. ಅವನು ಸ್ಕ್ರೂ ಡ್ರೈವರ್ ತೆಗೆದುಕೊಂಡ. ಕೈ ತಾನಾಗಿಯೇ ಕೆಲಸ ಮಾಡುತ್ತಿತ್ತು. ಸ್ಕ್ರೂ ಬಿಚ್ಚಿ, ಹಿಡಿಯನ್ನು ಮೇಲಕ್ಕೆ ಕಿತ್ತು, ಅಡ್ಡ ಇದ್ದದ್ದನ್ನು ಉದ್ದಕ್ಕೆ ಕೂರಿಸಿ, ಮತ್ತೆ ಬಿಗಿದ. ನೀರು ಹರಿಯುತ್ತಲೇ ಇತ್ತು. ಈಗ ಹಿಡಿ ಹೇಗಿರಬೇಕೋ ಹಾಗಿತ್ತು, ಲೋಕದ ಎಲ್ಲ ವಾಲ್ವುಗಳ ಹಾಗೆ.

ಬಾಗಿಲ ಬೆಳಕು ಮಂಕಾಯಿತು. ಮಾವ ಹೊಸಿಲಾಚೆ ನಿಂತಿದ್ದರು. "ಒಳಗೆ ಬರಬಹುದಾ?" ಎಂದು ಕೇಳಿದರು. ಅವನು ಸ್ಕ್ರೂ ಡ್ರೈವರನ್ನು ಜೇಬಿಗೆ ತುರುಕಿ ಹೂಂ ಅಂದ. ಅವರು ಬಗ್ಗಿ ಒಳಗೆ ಬಂದು ಗೋಡೆ ಹಿಡಿದು ನಿಂತರು. "ನನಗೊಂದು ಸ್ವಲ್ಪ ಹೇಳಿ ಅಳಿಯಂದಿರೇ. ಇವರೆಲ್ಲ ಏನೇನೋ ಅಂತಾರೆ, ನೀವಾದ್ರೆ ಮುಲಾಜಿಲ್ಲದೆ ಹೇಳ್ತೀರಾ. ಉದ್ದಕ್ಕಿದ್ರೆ ತೆರೆದಿದೆ, ಅಡ್ಡ ಇದ್ರೆ ಮುಚ್ಚಿದೆ. ಹಾಗೇ ಅಲ್ವಾ? ನಾನು ಫ್ಯಾಕ್ಟರಿಯಲ್ಲಿ ಜೀವಮಾನವೆಲ್ಲ ಹಾಗೇ ಮಾಡಿದ್ದು." ಹೇಳುವ ವಾಕ್ಯ ನಾಲಗೆಯ ತುದಿಯಲ್ಲೇ ಇತ್ತು. ಅವನು ಟಾರ್ಚನ್ನು ಫಿಲ್ಟರಿನ ಹಿಂದೆ ಹಿಡಿದು, ಪಕ್ಕಕ್ಕೆ ಸರಿದು ಜಾಗ ಬಿಟ್ಟ. ಮಾವ ಬಗ್ಗಿ ನೋಡಿದರು. ತುಂಬ ಹೊತ್ತು ನೋಡಿದರು. "ಈಗ ಉದ್ದಕ್ಕಿದೆ," ಅಂದರು, "ನೀರೂ ಬರ್ತಿದೆ." ಆಮೇಲೆ ತಮ್ಮಷ್ಟಕ್ಕೇ ಅಂದರು, "ಹಾಗಿದ್ರೆ ಅವತ್ತು ನಾನು ಉದ್ದಕ್ಕಿದ್ದದ್ದನ್ನೇ ಅಡ್ಡ ಮಾಡಿದೆನೇ?"

"ಇರಬಹುದು ಮಾವ" ಎಂದ ಅವನು. ಮೆತ್ತಗೆ ಅಂದ. ತನ್ನ ಗಂಟಲಿನಿಂದ ಷಡ್ಡಕನ ದನಿ ಬಂದದ್ದು ಅವನಿಗೆ ಕೇಳಿಸಿತು. "ಅದೆಲ್ಲ ಈಗ ಯಾಕೆ? ನೀವು ಹೋಗಿ ಸ್ವಲ್ಪ ಮಲಗಿ." ಮಾವ ತಲೆಯಾಡಿಸಿದರು. "ಸರಿ. ಇನ್ನು ನೀವು ನೋಡ್ಕೊಳ್ತೀರಲ್ಲ" ಎಂದು, ತಲೆ ತಾಗದ ಹಾಗೆ ಬಾಗಿ ಹೊರಗೆ ಹೋದರು. ಮಕ್ಕಳು ಕೊಳದ ಅಂಚಿನಲ್ಲಿ ಮಲಗಿ ಗೋಡೆಯ ತೂತಿಗೆ ಕೈ ಒಡ್ಡಿ, ನೀರು ತಳ್ಳಿದಾಗಲೆಲ್ಲ ಕಿಲಕಿಲ ನಗುತ್ತಿದ್ದವು. ಮಾವ ಆ ಕಡೆ ನೋಡಲಿಲ್ಲ. ಬೆತ್ತದ ಕುರ್ಚಿಯನ್ನು ದಾಟಿ ಮನೆಯ ಕಡೆ ನಡೆದರು. ನಡೆಯುತ್ತಿದ್ದ ಹಾಗೆ ಅವರ ಬಲಗೈ ಗಾಳಿಯಲ್ಲೇ ಒಂದು ಹಿಡಿಯನ್ನು ಹಿಡಿದಂತೆ, ಒಮ್ಮೆ ಉದ್ದಕ್ಕೆ, ಒಮ್ಮೆ ಅಡ್ಡಕ್ಕೆ ತಿರುಗುತ್ತಿತ್ತು.